ಬ್ರಾಂದುರನ ಮೂವತ್ತಮೂರು ಪದಗಳು

ಉತ್ತರದ ಕಡಲಿನ ನಮ್ಮ ದ್ವೀಪದ ಸ್ಕಾರ್ವಿಕ್‌ನಲ್ಲೂ ಅದರ ಆಚೀಚೆಯ ನಾಲ್ಕು ಹಳ್ಳಿಗಳಲ್ಲೂ ಸುನ್ನುವಾಳ ತಕ್ಕಡಿಯಲ್ಲಿ ಕೂತು ಅಳದ ಮಗುವಿಲ್ಲ. ಇಪ್ಪತ್ತೊಂಬತ್ತು ವರ್ಷಗಳಿಂದ ಆಕೆ ಮನೆಮನೆಗೆ ಹೋಗಿ ಕೂಸುಗಳನ್ನು ತೂಗಿ, ಅಳೆದು, ಸೂಜಿ ಚುಚ್ಚಿ, ತಾಯಂದಿರಿಗೆ ನಾಲ್ಕು ಬುದ್ಧಿಮಾತು ಹೇಳಿ, ಕಾಫಿ ಕುಡಿದು ಬರುವ ನರ್ಸು. ಮೊದಮೊದಲು ತೂಗಿಸಿಕೊಂಡವರು ಈಗ ತಮ್ಮ ಮಕ್ಕಳನ್ನು ತೂಗಿಸುತ್ತಿದ್ದರು. ಅವಳ ಕಾರು ರಸ್ತೆಯಲ್ಲಿ ನಿಂತರೆ ಗಡ್ಡ ಬಿಟ್ಟ ಮೀನುಗಾರರೂ ಹೊಟ್ಟೆ ಒಳಗೆಳೆದುಕೊಂಡು ನೆಟ್ಟಗಾಗುತ್ತಿದ್ದರು.

ಪಟ್ಟಿ ಬಂದದ್ದು ಒಂದು ಬೇಸಿಗೆಯಲ್ಲಿ, ಮುಖ್ಯ ಕಚೇರಿಯಿಂದ. ನಾಲ್ಕು ಪುಟ, ನೂರು ಪದ, ಪ್ರತಿ ಪದದ ಮುಂದೆ ಒಂದು ಪುಟ್ಟ ಚೌಕ. ಎರಡು ವರ್ಷ ತುಂಬಿದ ಮಗು ಇವುಗಳಲ್ಲಿ ಯಾವುದನ್ನು ತಾನಾಗಿ ಹೇಳುತ್ತದೋ ಅದಕ್ಕೆ ತಂದೆತಾಯಿ ಗುರುತು ಹಾಕಬೇಕು. ಗುರುತು ಮೂವತ್ತಕ್ಕಿಂತ ಕಡಿಮೆಯಾದರೆ ಮಗುವನ್ನು ಪಟ್ಟಣದ ಮಾತಿನ ತಜ್ಞೆಯ ಹತ್ತಿರ ಕಳಿಸಬೇಕು.

ಸುನ್ನುವಾ ಮೊದಲು ಮೂಗು ಮುರಿದಳು. "ಮಗು ಮಾತಾಡುತ್ತೋ ಇಲ್ವೋ ಅಂತ ನಾನು ಬಾಗಿಲಲ್ಲಿ ಶೂ ಬಿಚ್ಚೋ ಅಷ್ಟರಲ್ಲಿ ಹೇಳ್ತೀನಿ. ಇವರಿಗೆ ಕಾಗದ ಬೇಕಂತೆ," ಎಂದು ಗಂಡ ಟೋರ್ಕಿಲ್‌ನಿಗೆ ಹೇಳಿದಳು. ಟೋರ್ಕಿಲ್ ನಲವತ್ತು ವರ್ಷ ಸಮುದ್ರದಲ್ಲಿ ಕಳೆದು, ಈಗ ಹತ್ತಾರು ಕುರಿಗಳ ಜೊತೆ ಕಾಲ ಹಾಕುತ್ತಿದ್ದ ಮನುಷ್ಯ. ದಿನಕ್ಕೆ ಇಷ್ಟೇ ಮಾತು ಎಂದು ಯಾರೋ ಅಳೆದುಕೊಟ್ಟ ಹಾಗೆ ಮಾತಾಡುತ್ತಿದ್ದ. ಆ ದಿನದ ಪಾಲು ಮುಗಿದಿತ್ತೇನೋ, ತಲೆಯಾಡಿಸಿದ.

ಆದರೆ ಚಳಿಗಾಲ ಬರುವ ಹೊತ್ತಿಗೆ ಸುನ್ನುವಾ ಆ ಪಟ್ಟಿಯನ್ನು ತಲೆಯ ಮೇಲೆ ಹೊತ್ತು ಮೆರೆಸತೊಡಗಿದ್ದಳು. ಕಾರಣವಿತ್ತು. ತನ್ನ ಕಣ್ಣಿಗೆ ಚೆನ್ನಾಗಿಯೇ ಕಂಡಿದ್ದ ಇಬ್ಬರು ಮಕ್ಕಳು ಪಟ್ಟಿಯಲ್ಲಿ ಸಿಕ್ಕಿಬಿದ್ದಿದ್ದರು. ನಗುವ ಮಕ್ಕಳು, ಕೈ ತೋರಿಸಿ ಬೇಕಾದ್ದನ್ನು ಪಡೆಯುವ ಚುರುಕು ಮಕ್ಕಳು. ಮಾತು ಮಾತ್ರ ಇರಲಿಲ್ಲ. ಕಣ್ಣಳತೆ ಮೋಸ ಮಾಡುತ್ತದೆ, ಕಾಗದ ಮಾಡುವುದಿಲ್ಲ ಎಂದು ಅವಳಿಗೆ ಮನವರಿಕೆಯಾಯಿತು. ತಡವಾಗಿ ಒಪ್ಪಿಕೊಂಡವರ ಭಕ್ತಿ ಯಾವಾಗಲೂ ಒಂದು ಕೈ ಹೆಚ್ಚು. ಪ್ರತಿ ಮನೆಯಲ್ಲೂ ಪಟ್ಟಿಯನ್ನು ಮೇಜಿನ ಮೇಲಿಟ್ಟು, ಅದರ ಮೇಲೆ ಅಂಗೈ ಊರಿ, ಒಂದೇ ಉಪದೇಶ ಕೊಡುತ್ತಿದ್ದಳು:

"ನೋಡಿ, ಇದು ನಿಮ್ಮ ಮಗುವಿನ ಪರೀಕ್ಷೆ ಅಲ್ಲ, ನಿಮ್ಮ ಮರ್ಯಾದೆ ಪ್ರಶ್ನೇನೂ ಅಲ್ಲ. ಮಗುವಿಗೆ ಅರ್ಥ ಆಗೋದನ್ನ ಬರೀಬೇಡಿ, ಹೇಳೋದನ್ನ ಮಾತ್ರ ಬರೀರಿ. ನಿಮಗೆ ಕೇಳಿಸಿದ ಹಾಗೆ ಅನ್ಸಿದ್ದನ್ನ ಬರೀಬೇಡಿ, ಅದು ಹೇಳಿದ್ದನ್ನ ಬರೀರಿ. ಪ್ರೀತಿ ಇದ್ರೆ ಕಮ್ಮಿ ಬರೀರಿ."

ಕಡೆಯ ವಾಕ್ಯ ಅವಳದೇ ಸೇರ್ಪಡೆ. ಅದರ ಬಗ್ಗೆ ಅವಳಿಗೆ ತುಸು ಹೆಮ್ಮೆಯಿತ್ತು.

ಉಪದೇಶ ಕೇಳಿಯೂ ಜನ ಜನರೇ. ಶಾಲೆಯ ಹೆಡ್‌ಮಾಸ್ತರರ ಹೆಂಡತಿ ತನ್ನ ಮಗನಿಗೆ ತೊಂಬತ್ತೆಂಟು ಪದಕ್ಕೆ ಗುರುತು ಹಾಕಿ ಕೊಟ್ಟಳು.

"'ರೈಲು' ಅಂತಾನಾ?" ಎಂದಳು ಸುನ್ನುವಾ. ನಮ್ಮ ದ್ವೀಪಗಳಲ್ಲಿ ರೈಲು ನೋಡಬೇಕಾದರೆ ಮೊದಲು ವಿಮಾನ ಹತ್ತಬೇಕು.

"ಪುಸ್ತಕದಲ್ಲಿ ನೋಡಿದಾನೆ."

"ಹೌದಾ ಪುಟ್ಟಾ? ರೈಲು ನೋಡಿದೀಯಾ?"

"ನೈ!" ಎಂದ ಮಗು. ಬೇಡ, ಇಲ್ಲ, ಹೋಗು, ಮೂರೂ ಅದರಲ್ಲೇ ಬಂತು. ಆ ಮನೆಯಲ್ಲಿ ಕೂತ ಮುಕ್ಕಾಲು ಗಂಟೆಯಲ್ಲಿ ಸುನ್ನುವಾಳಿಗೆ ಕೇಳಿಸಿದ್ದು ಆ ಒಂದೇ ಪದ. ಅವಳು ತಾಯಿಯನ್ನು ಕೂರಿಸಿಕೊಂಡು ಒಂದೊಂದೇ ಗುರುತನ್ನು ಅಳಿಸುತ್ತ ಬಂದಳು. ನಲವತ್ತನಾಲ್ಕಕ್ಕೆ ಬಂದು ನಿಂತಾಗ ಹೆಡ್‌ಮಾಸ್ತರರ ಹೆಂಡತಿಯ ಮೂಗಿನ ತುದಿ ಕೆಂಪಾಗಿತ್ತು. ವರ್ಷವಿಡೀ ಸುನ್ನುವಾ ಈ ಕತೆಯನ್ನು ಹೇಳಿ ನಗಿಸಿದಳು.

ಇನ್ನೊಂದು ತುದಿಗೆ ಮಿಕ್ಯಾಲ್ ಇದ್ದ. ಊರಿನ ಮೇಲ್ಗಡೆ ಇರುವ ಕುರಿಗಾರ. ಹೆಂಡತಿ ಮೀನು ಕಾರ್ಖಾನೆಗೆ ಹೋಗುತ್ತಿದ್ದಳಾದ್ದರಿಂದ ಮಗಳು ಲೀವ್ ಹಗಲೆಲ್ಲ ಅವನ ಬೆನ್ನ ಹಿಂದೆಯೇ. ಅವನು ಪಟ್ಟಿಯನ್ನು ಮೂರು ವಾರ ಇಟ್ಟುಕೊಂಡು ಹನ್ನೊಂದು ಗುರುತು ಹಾಕಿ ತಂದ. ಎರಡು ಕಡೆ ಗುರುತು ಹಾಕಿ ಅಳಿಸಿದ್ದು ಕಾಣುತ್ತಿತ್ತು.

"ಇಲ್ಲಿ 'ಕುರಿಮರಿ' ಯಾಕೆ ಅಳಿಸಿದ್ದು?"

"ನಾನು ಹೇಳಿದ್ಮೇಲೆ ಹೇಳಿದ್ಲು. ಅದು ನನ್ನ ಮಾತು, ಅವಳದ್ದಲ್ಲ."

"ಒಂದ್ಸಲವಾದ್ರೂ ತಾನಾಗೇ ಹೇಳಿಲ್ವಾ?"

"ಇಲ್ಲ. ಹೇಳಿದ್ದಿದ್ರೆ ಬರೀತಿದ್ದೆ."

ಸುನ್ನುವಾಳಿಗೆ ಅವನನ್ನು ಅಪ್ಪಿಕೊಳ್ಳಬೇಕೆನಿಸಿತು. ಬದಲಿಗೆ ಪಟ್ಟಣಕ್ಕೆ ಚೀಟಿ ಬರೆದುಕೊಟ್ಟಳು. ಊರಿನಲ್ಲಿ ಮಿಕ್ಯಾಲ್‌ನನ್ನು ರೇಗಿಸದವರಿಲ್ಲ. "ಏನಯ್ಯಾ, ಸ್ವಂತ ಮಗಳನ್ನ ನೀನೇ ಫೇಲ್ ಮಾಡಿದ್ಯಂತೆ?" ಎಂದು ಅಂಗಡಿಯಲ್ಲಿ ಯಾರೋ ಕೇಳಿದಾಗ, "ಹೌದು, ನಿನ್ನ ಅಪ್ಪನೂ ಹಾಗೇ ಮಾಡಿದ್ರೆ ನೀನು ಈಗ ಇಂಥ ಮಾತಾಡ್ತಿರಲಿಲ್ಲ," ಎಂದನಂತೆ. ಪ್ರತಿ ಮಂಗಳವಾರ ಮಗಳನ್ನು ಕಾರಿನಲ್ಲಿ ಕೂರಿಸಿಕೊಂಡು ಸುರಂಗ ದಾಟಿ ಪಟ್ಟಣಕ್ಕೆ ಹೋಗಿಬರತೊಡಗಿದ. ತಜ್ಞೆ ಅವನಿಗೆ ಹೇಳಿದ್ದು ಇಷ್ಟೆ: ಮಾಡುವ ಕೆಲಸವನ್ನೆಲ್ಲ ಬಾಯಲ್ಲಿ ಹೇಳುತ್ತ ಮಾಡು, ಹೇಳಿದ ಮೇಲೆ ಸುಮ್ಮನಿದ್ದು ಕಾಯಿ. ಅಂದಿನಿಂದ ಮಿಕ್ಯಾಲ್ ಬೇಲಿ ಕಟ್ಟುತ್ತ, "ಈಗ ಅಪ್ಪ ಮೊಳೆ ಹೊಡೀತಾನೆ. ಮೊಳೆ ಡೊಂಕಾಯ್ತು. ಅಯ್ಯೋ ಮೊಳೆ," ಎಂದು ಗುಡ್ಡದ ಮೇಲೆ ಒಬ್ಬನೇ ಭಾಷಣ ಮಾಡುವುದು ಕೆಳಗಿನ ರಸ್ತೆಗೂ ಕೇಳುತ್ತಿತ್ತು. ಜನ ನಕ್ಕರು. ಅವನು ಅದನ್ನು ಕಿವಿಗೆ ಹಾಕಿಕೊಳ್ಳಲಿಲ್ಲ.

ಫೆಬ್ರವರಿಯಲ್ಲಿ ಸುನ್ನುವಾಳ ಮೊಮ್ಮಗ ಬ್ರಾಂದುರ್‌ನಿಗೆ ಎರಡು ತುಂಬಿತು.

ಮಗಳು ಬಾರ್ಬಾಳ ಮನೆ ಅದೇ ಬೀದಿಯಲ್ಲಿ, ಮೂರು ಮನೆ ಆಚೆ. ಅಳಿಯ ದೊಡ್ಡ ಮೀನು ಹಡಗಿನಲ್ಲಿ. ಬಂದರೆ ಬಂದ, ಹೋದರೆ ಎರಡು ತಿಂಗಳು. ಬಾರ್ಬಾ ಮನೆಯಲ್ಲೇ ಕೂತು ಪತ್ರಿಕೆಯೊಂದಕ್ಕೆ ಅಚ್ಚುತಪ್ಪು ತಿದ್ದಿಕೊಡುವ ಕೆಲಸ ಮಾಡುತ್ತಿದ್ದಳು. ನರ್ಸು ಸ್ವಂತ ಮನೆಯ ಮಕ್ಕಳನ್ನು ನೋಡಬಾರದು, ಪಕ್ಕದ ದ್ವೀಪದ ನರ್ಸು ಬಂದು ನೋಡಬೇಕು ಎಂಬುದು ನಿಯಮ. ಆ ನರ್ಸಿಗೆ ಬೆನ್ನುನೋವು, ಆಮೇಲೆ ಬಿರುಗಾಳಿಗೆ ದೋಣಿ ಇಲ್ಲ, ಆಮೇಲೆ ರಜೆ. "ಒಂದು ಪಟ್ಟಿ ತಾನೇ, ನಾನೇ ತಗೋತೀನಿ," ಎಂದಳು ಸುನ್ನುವಾ ಫೋನಿನಲ್ಲಿ. ಆ ಕಡೆಯವಳಿಗೂ ಅದೇ ಬೇಕಿತ್ತು.

ಮರುದಿನ ಬೆಳಗ್ಗೆ ಬಾರ್ಬಾ ಪಟ್ಟಿ ಹಿಡಿದು ಬಂದು ತಾಯಿಯ ಅಡುಗೆಮನೆಯಲ್ಲಿ ಕೂತಳು. ಬ್ರಾಂದುರ್ ನೆಲದ ಮೇಲೆ ಖಾಲಿ ಡಬ್ಬಿಗಳನ್ನು ಒಂದರ ಮೇಲೊಂದು ಪೇರಿಸುತ್ತಿದ್ದ. ಬಾರ್ಬಾಳ ಮುಖ ಸಪ್ಪಗಿತ್ತು.

"ಒಂಬತ್ತು ಬಂತಮ್ಮಾ."

"ಎಷ್ಟು?"

"ಒಂಬತ್ತು. ನೀನೇ ಹೇಳ್ತಿಯಲ್ಲ, ಹೇಳಿದ್ದನ್ನ ಮಾತ್ರ ಬರೀರಿ ಅಂತ. ಬರ್ದೆ."

ಸುನ್ನುವಾ ಪಟ್ಟಿಯನ್ನು ಕೈಗೆ ತೆಗೆದುಕೊಂಡು ಕನ್ನಡಕ ಏರಿಸಿದಳು. ಆ ಕ್ಷಣದವರೆಗೂ ಅವಳು ಇಪ್ಪತ್ತೊಂಬತ್ತು ವರ್ಷದ ನರ್ಸು. ಕನ್ನಡಕ ಏರಿಸಿದ್ದು ಮಾತ್ರ ಅಜ್ಜಿ.

"'ಒಮ್ಮ'ಕ್ಕೆ ಯಾಕೆ ಗುರುತಿಲ್ಲ? ನನ್ನನ್ನ ಒಮ್ಮ ಅಂತ ಕರೀತಾನಲ್ಲ!" ಒಮ್ಮ ಎಂದರೆ ನಮ್ಮಲ್ಲಿ ಅಜ್ಜಿ.

"ಅಮ್ಮಾ, ಅದು 'ಮ್ಮ'. ಹಸಿವಾದಾಗ ಅನ್ನೋ ಶಬ್ದ. ನನಗೂ ಅಂತಾನೆ, ಫ್ರಿಜ್‌ಗೂ ಅಂತಾನೆ."

"ನನ್ನ ಮುಖ ನೋಡ್ಕೊಂಡು ಅಂತಾನೆ."

"ನಿನ್ನ ಕೈಲಿ ಬಿಸ್ಕತ್ತಿರುತ್ತೆ."

ಸುನ್ನುವಾ ಪೆನ್ಸಿಲು ತೆಗೆದುಕೊಂಡು 'ಒಮ್ಮ'ದ ಮುಂದೆ ಗುರುತು ಹಾಕಿದಳು. ಒಂದು ಹಾಕಿದ ಮೇಲೆ ಕೈ ತಾನಾಗಿ ಓಡಿತು. ಬ್ರಾಂದುರ್ ಹೇಳುತ್ತಿದ್ದ ಮುಖ್ಯ ಶಬ್ದ 'ಬಾ'. ನಮ್ಮ ಭಾಷೆಯಲ್ಲಿ ದೋಣಿ, ಚೆಂಡು, ಕಾರು, ಪುಸ್ತಕ ನಾಲ್ಕೂ 'ಬ'ದಿಂದಲೇ ಶುರುವಾಗುತ್ತವೆ.

"ಮೊನ್ನೆ ಬಂದರಿನಲ್ಲಿ ದೋಣಿ ತೋರಿಸಿ 'ಬಾ' ಅಂದ. ಅದು ದೋಣಿ. ಚೆಂಡು ಹಿಡ್ಕೊಂಡು 'ಬಾ' ಅಂತಾನೆ, ಅದು ಚೆಂಡು. ನನ್ನ ಕಾರು ಬಂದ ಕೂಡಲೇ ಕಿಟಕೀಲಿ ನಿಂತು..."

"ಬಾ ಅಂತಾನೆ," ಎಂದಳು ಬಾರ್ಬಾ.

"ಮತ್ತೆ! ನಾಲ್ಕು ಪದ ಹಾಗೇ ಬಿಟ್ಟುಬಿಟ್ಟಿದೀಯ."

ಮೂಲೆಯ ಬೆಂಚಿನಲ್ಲಿ ಹಗ್ಗ ಹೊಸೆಯುತ್ತಿದ್ದ ಟೋರ್ಕಿಲ್ ತಲೆಯೆತ್ತದೆ ಹೇಳಿದ: "ಆ ಲೆಕ್ಕದಲ್ಲಿ ನಮ್ಮ ಟಗರಿಗೂ ನಾಲ್ಕು ಪದ ಬರ್ತವೆ."

"ನೀವು ಸುಮ್ನಿರಿ. ನಿಮಗೇ ಪಟ್ಟಿ ಕೊಟ್ರೆ ಮೂವತ್ತು ದಾಟೋದು ಕಷ್ಟ. ಇವನು ನಿಮ್ಮ ಹಾಗೆ ಅಷ್ಟೇ. ಗಂಡು ಹುಡುಗ್ರು ನಿಧಾನ."

ಗಂಡು ಹುಡುಗರು ನಿಧಾನ ಎಂದು ಅಲ್ಲಿಯವರೆಗೆ ಯಾವ ತಾಯಿಯಾದರೂ ಹೇಳಿದರೆ ಸುನ್ನುವಾ ಅರ್ಧ ಗಂಟೆ ಪಾಠ ಮಾಡುತ್ತಿದ್ದಳು. ಹುಟ್ಟಿದಾಗ ಮಾಡಿದ ಕಿವಿಪರೀಕ್ಷೆಯಲ್ಲಿ ಪಾಸಾಗಿದ್ದಾನೆ ಎಂದೂ ಸೇರಿಸಿದಳು. ಆಮೇಲೆ ನಾಯಿಯ ಶಬ್ದ, ಕೋಳಿಯ ಶಬ್ದ ಎರಡನ್ನೂ ಪದವೆಂದು ಹಿಡಿದಳು. ತಲೆಯಾಡಿಸಿದ್ದನ್ನು 'ಹೌದು' ಎಂದು, ತಟ್ಟೆ ತಳ್ಳಿದ್ದನ್ನು 'ಸಾಕು' ಎಂದು ಹಿಡಿದಳು. ಹೀಗೇ ಮುಂದುವರಿದು ಕಾಫಿ ಆರುವ ಹೊತ್ತಿಗೆ ಪಟ್ಟಿಯಲ್ಲಿ ಮೂವತ್ತಮೂರು ಗುರುತುಗಳಿದ್ದವು. ಮೂವತ್ತಕ್ಕೇ ನಿಲ್ಲಿಸಿದರೆ ಅನುಮಾನ ಬರುತ್ತದೆ ಎಂದು ಮೂರು ಹೆಚ್ಚು.

ಬಾರ್ಬಾ ಪಟ್ಟಿಯನ್ನು ನೋಡಿದಳು. ಬೇರೆಯವರ ಬರಹದಲ್ಲಿ ಒಂದು ಅಲ್ಪವಿರಾಮ ಹೆಚ್ಚಿದ್ದರೂ ಹೊಡೆದುಹಾಕುವ ಹೆಣ್ಣು. "ನಿಜವಾಗ್ಲೂ ಏನೂ ತೊಂದರೆ ಇಲ್ವಾ ಅಮ್ಮಾ?" ಎಂದು ಮಾತ್ರ ಕೇಳಿದಳು.

"ನಾನು ಎಷ್ಟು ಮಕ್ಕಳನ್ನ ನೋಡಿದೀನಿ ಹೇಳು."

"ನೀನೇ ನರ್ಸು," ಎಂದು ಬಾರ್ಬಾ ಸಹಿ ಹಾಕಿದಳು. ಅವಳ ಮುಖದ ಬಿಗಿ ಸಡಿಲವಾದದ್ದನ್ನು ಕಂಡು ಸುನ್ನುವಾಳಿಗೆ ತಾನು ಒಳ್ಳೆಯದನ್ನೇ ಮಾಡಿದೆ ಎನಿಸಿತು.

ಬೇಸಿಗೆಯಲ್ಲಿ ಲೀವ್ ಮಾತಾಡತೊಡಗಿದಳು. ಮೊದಲು ಎರಡೆರಡು ಪದ, ಆಮೇಲೆ ಇಡೀ ವಾಕ್ಯ, ಆಮೇಲೆ ಬಾಯಿ ಮುಚ್ಚಿಸಲು ತಿನ್ನಲು ಏನಾದರೂ ಕೊಡಬೇಕಾದ ಸ್ಥಿತಿ. ಸುನ್ನುವಾ ಆ ಸುದ್ದಿಯನ್ನು ಮುಖ್ಯ ಕಚೇರಿಗೆ ಬರೆದಳು. ಪಟ್ಟಿಯಿಂದ ಆದ ಉಪಕಾರಕ್ಕೆ ಇಂಥ ಉದಾಹರಣೆ ಸಿಕ್ಕಿದ್ದಕ್ಕೆ ಕಚೇರಿಯವರಿಗೂ ಸಂತೋಷವಾಯಿತು. ನವೆಂಬರಿನಲ್ಲಿ ಹೊಸ ನರ್ಸುಗಳ ತರಬೇತಿ ಇದೆ, 'ತಂದೆತಾಯಂದಿರಿಂದ ಪ್ರಾಮಾಣಿಕ ಉತ್ತರ ಪಡೆಯುವುದು ಹೇಗೆ' ಎಂಬ ಬಗ್ಗೆ ನೀವು ಮಾತಾಡಬೇಕು ಎಂದು ಆಹ್ವಾನ ಬಂತು. ಸುನ್ನುವಾ ಒಪ್ಪಿಕೊಂಡು ಹೊಸ ಸ್ವೆಟರಿಗೆ ಉಣ್ಣೆ ಆರಿಸಿದಳು.

ಬ್ರಾಂದುರ್ ಇನ್ನೂ 'ಬಾ' ಎನ್ನುತ್ತಿದ್ದ. ಕೂಗಿದರೆ ಬರುತ್ತಿರಲಿಲ್ಲ, ಹಟಮಾರಿ ಎಂದರು. ಟಿವಿಗೆ ಮೂಗು ತಾಗಿಸಿ ಕೂರುತ್ತಿದ್ದ. ಅಪ್ಪನ ಹಾಗೆ ಕಣ್ಣು ಮಂದ ಎಂದರು. ಎಲ್ಲಕ್ಕೂ ಮನೆಯಲ್ಲೇ ಉತ್ತರ ಸಿಗುತ್ತಿತ್ತು.

ಅಕ್ಟೋಬರಿನಲ್ಲಿ ಗುಡ್ಡದಿಂದ ಕುರಿಗಳನ್ನು ಇಳಿಸುವ ದಿನ ಬಂತು. ಅರ್ಧ ಊರು ಗುಡ್ಡ ಹತ್ತಿತ್ತು. ಸುನ್ನುವಾಳ ಮನೆಯ ಹಿಂದೆಯೇ ಕಲ್ಲಿನ ದೊಡ್ಡಿ. ಟೋರ್ಕಿಲ್ ಅದರ ಬಾಗಿಲು ಹಿಡಿದು ನಿಂತಿದ್ದ. ಪಕ್ಕದ ಹುಲ್ಲಿನಲ್ಲಿ ಬ್ರಾಂದುರ್, ಲೀವ್ ಇಬ್ಬರೂ ಕೂತು ಕಲ್ಲು ಪೇರಿಸುತ್ತಿದ್ದರು. ಮಾತೆಲ್ಲ ಲೀವ್‌ಳದೇ. ಸುನ್ನುವಾ ಅಡುಗೆಮನೆಯ ಕಿಟಕಿಯಲ್ಲಿ ನಿಂತು ಒಣಮಾಂಸ ಹೆಚ್ಚುತ್ತ ನೋಡುತ್ತಿದ್ದಳು. ಕುರಿಗಳು ದೊಡ್ಡಿಗೆ ಹತ್ತಿರವಾದಾಗ ಒಂದು ಗುಂಪು ಕವಲೊಡೆದು ಹೊಳೆಯ ಕಡೆ ನುಗ್ಗಿತು. ಮಕ್ಕಳ ಬೆನ್ನ ಹಿಂದೆ ಐದು ಹೆಜ್ಜೆ ದೂರದಲ್ಲಿದ್ದ ಮಿಕ್ಯಾಲ್ ಎರಡು ಬೆರಳು ಬಾಯಿಗಿಟ್ಟು ಶಿಳ್ಳೆ ಹೊಡೆದ.

ಆ ಶಿಳ್ಳೆಗೆ ಹೊಳೆಯಾಚೆಯ ನಾಯಿ ನಿಂತಲ್ಲೇ ನಿಂತಿತು. ಕುರಿಗಳು ಕಿವಿ ನಿಮಿರಿಸಿದವು. ಟೋರ್ಕಿಲ್ ತಿರುಗಿದ. ಲೀವ್ ಎರಡೂ ಕಿವಿ ಮುಚ್ಚಿಕೊಂಡು, "ಅಪ್ಪಾ, ಜೋರು!" ಎಂದು ಬೈದಳು. ಕಿಟಕಿಯ ಗಾಜಿನ ಒಳಗಿದ್ದ ಸುನ್ನುವಾಳೇ ಬೆಚ್ಚಿದಳು. ಬ್ರಾಂದುರ್ ಮಾತ್ರ ಬಹಳ ಜಾಗ್ರತೆಯಿಂದ ಐದನೆಯ ಕಲ್ಲನ್ನು ನಾಲ್ಕನೆಯದರ ಮೇಲಿಟ್ಟ.

ಮಿಕ್ಯಾಲ್ ಅದನ್ನು ನೋಡಿದ. ಟೋರ್ಕಿಲ್ ನೋಡಿದ. ಟೋರ್ಕಿಲ್ ಆಮೇಲೆ ಕಿಟಕಿಯ ಕಡೆ ನೋಡಿದ. ಕುರಿಗಳು ಬರುತ್ತಿದ್ದವು.

ಸುನ್ನುವಾ ಚಾಕು ಕೆಳಗಿಟ್ಟು ಕೈ ಒರೆಸಿಕೊಂಡಳು. ಹೊರಗೆ ಹೋಗಿ ಮೊಮ್ಮಗನ ಬೆನ್ನ ಹಿಂದೆ ಕುಕ್ಕರಗಾಲಲ್ಲಿ ಕೂತು ಹೆಸರು ಹಿಡಿದು ಕರೆದಳು. ಮತ್ತೆ ಕರೆದಳು. ಇನ್ನೂ ಗಟ್ಟಿಯಾಗಿ ಕರೆದಳು. ಇದೇ ಪರೀಕ್ಷೆಯನ್ನು ಅವಳು ಬೇರೆಯವರ ಮಕ್ಕಳಿಗೆ ಲೆಕ್ಕವಿಲ್ಲದಷ್ಟು ಸಲ ಮಾಡಿದ್ದಳು. ಕೊನೆಗೆ ಅವನ ಭುಜ ಮುಟ್ಟಿದಳು. ಅವನು ತಿರುಗಿ, ಅವಳ ಮುಖ ನೋಡಿ, ಅರಳಿ ನಕ್ಕು, "ಮ್ಮ" ಎಂದ. ಅವಳ ಕೈಯಲ್ಲಿ ಬಿಸ್ಕತ್ತಿರಲಿಲ್ಲ.

ಕುರಿ ಕೆಲಸ ಮುಗಿದ ಕೂಡಲೇ ಅವಳು ಬಾರ್ಬಾಳ ಮನೆಗೆ ಹೋಗಿ, ಬ್ರಾಂದುರನಿಗೆ ಕಿವಿ ಸರಿಯಾಗಿ ಕೇಳಿಸುತ್ತಿಲ್ಲ ಎಂದು ನಿಂತುಕೊಂಡೇ ಹೇಳಿದಳು.

"ನಾನು ಒಂಬತ್ತು ಬರ್ಕೊಂಡು ಬಂದಿದ್ದೆ," ಎಂದಳು ಬಾರ್ಬಾ.

"ಹೌದು."

"ಎಂಟು ತಿಂಗಳಾಯ್ತಮ್ಮಾ. ನಾನು ಅವನ ಮೇಲೆ ರೇಗ್ತಿದ್ದೆ. ಕರೆದ್ರೆ ಬರಲ್ಲ ಅಂತ ಮೂಲೇಲಿ ಕೂರಿಸ್ತಿದ್ದೆ."

"ತಪ್ಪು ನಂದು."

"ನಿಂದೇ," ಎಂದಳು ಬಾರ್ಬಾ. ಆಮೇಲೆ, "ಸಹಿ ಮಾತ್ರ ನಂದು," ಎಂದು ಅಳತೊಡಗಿದಳು. ಸುನ್ನುವಾ ಹತ್ತಿರ ಹೋದಾಗ ತಳ್ಳಲಿಲ್ಲ, ಒರಗಿಕೊಳ್ಳಲೂ ಇಲ್ಲ.

ಮರುದಿನ ಸುನ್ನುವಾ ಪಟ್ಟಣದ ಕಿವಿ ವೈದ್ಯರಿಗೆ ಚೀಟಿ ಬರೆದಳು. ಮುಖ್ಯ ಕಚೇರಿಗೂ ಕಾಗದ ಬರೆದಳು: ಫೆಬ್ರವರಿಯ ಈ ಪಟ್ಟಿಯನ್ನು ತಾಯಿ ತುಂಬಿದ ಮೇಲೆ ಅಜ್ಜಿ ತಿದ್ದಿದ್ದಾರೆ, ಇದನ್ನು ರದ್ದು ಮಾಡಬೇಕು. ವಾರದ ನಂತರ ಉತ್ತರ ಬಂತು. ಪಟ್ಟಿಯನ್ನು ತಂದೆತಾಯಿಯೇ ತುಂಬಬೇಕೆಂಬ ನಿಯಮವನ್ನು ಕುಟುಂಬದವರಿಗೆ ಸ್ಪಷ್ಟವಾಗಿ ತಿಳಿಸಿಹೇಳಲು ಸ್ಥಳೀಯ ನರ್ಸಿಗೆ ಅದರಲ್ಲಿ ಸೂಚಿಸಲಾಗಿತ್ತು. ಅಜ್ಜಿ ಯಾರು, ನರ್ಸು ಯಾರು ಎಂದು ಹೆಸರು ಹೋಲಿಸಿ ನೋಡುವಷ್ಟು ಪುರಸೊತ್ತು ಅಲ್ಲಿ ಯಾರಿಗೂ ಇರಲಿಲ್ಲ.

ಭಾಷಣದ ದಿನ ಬಂದೇ ಬಂತು. ಇಪ್ಪತ್ತು ಮಂದಿ ಎಳೆಯ ನರ್ಸುಗಳು ಟಿಪ್ಪಣಿ ಪುಸ್ತಕ ತೆರೆದು ಕೂತಿದ್ದರು. ದಾರಿಯುದ್ದಕ್ಕೂ ಸುನ್ನುವಾ ಎಲ್ಲವನ್ನೂ ಇದ್ದ ಹಾಗೆ ಹೇಳಿಬಿಡುವುದೆಂದು ತೀರ್ಮಾನಿಸಿಕೊಂಡು ಬಂದಿದ್ದಳು. ಹೆಡ್‌ಮಾಸ್ತರರ ಹೆಂಡತಿಯ ಕತೆ ಹೇಳಲಿಲ್ಲ. ಮಿಕ್ಯಾಲ್‌ನ ಕತೆ ಹೇಳಿದಳು. ಆಮೇಲೆ ನೀರು ಕುಡಿದು ಶುರುಮಾಡಿದಳು: "ಇನ್ನು ನನಗೆ ಗೊತ್ತಿರೋ ಒಬ್ಬಳು ಅಜ್ಜಿ..."

'ನಾನು' ಎಂಬ ಒಂದು ಪದ ಬಾಯಿಂದ ಹೊರಡಲಿಲ್ಲ. ಉಳಿದದ್ದೆಲ್ಲ ಹೇಳಿದಳು. 'ಬಾ' ಎಂಬ ಶಬ್ದಕ್ಕೆ ಹಾಕಿದ ನಾಲ್ಕು ಗುರುತು, ತಟ್ಟೆ ತಳ್ಳಿದ್ದಕ್ಕೆ ಒಂದು ಗುರುತು, ಅನುಮಾನ ಬಾರದಿರಲೆಂದು ಮೂರು ಹೆಚ್ಚು. ಸಭೆ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಶಿಳ್ಳೆಯ ಮಾತು ಬಂದಾಗ ನಗು ನಿಂತಿತು.

ಮುಂದಿನ ಸಾಲಿನ ಹುಡುಗಿಯೊಬ್ಬಳು ಕೈ ಎತ್ತಿದಳು. "ಮೇಡಂ, ಆಮೇಲೆ ಆ ಅಜ್ಜಿಗೆ ನೀವೇನಂದ್ರಿ?"

"ಏನೂ ಅನ್ನಲಿಲ್ಲ," ಎಂದಳು ಸುನ್ನುವಾ. "ಅವಳು ಮೊದಲಿಂದಲೂ ನನ್ನ ಮಾತು ಕೇಳೋಳಲ್ಲ."

ಮತ್ತೆ ನಗು. ಆ ಅಜ್ಜಿಯ ಉದಾಹರಣೆ ಬಹಳ ಚೆನ್ನಾಗಿತ್ತು, ಎಷ್ಟು ಸಹಜವಾಗಿ ಕಟ್ಟಿದಿರಿ ಎಂದು ಮುಖ್ಯಸ್ಥೆ ಕೈ ಕುಲುಕಿದಳು. ಮುಂದಿನ ವರ್ಷವೂ ಬರಬೇಕೆಂದಳು.

ಬ್ರಾಂದುರನ ಎರಡೂ ಕಿವಿಗಳಲ್ಲಿ ಪರದೆಯ ಹಿಂದೆ ನೀರು ತುಂಬಿಕೊಂಡು ಅಂಟಾಗಿತ್ತು. ಶೀತದ ಮೇಲೆ ಶೀತ ಬಂದು ಆಗುವಂಥದ್ದು. ಹುಟ್ಟಿದಾಗಿನ ಪರೀಕ್ಷೆಗೂ ಇದಕ್ಕೂ ಸಂಬಂಧವಿಲ್ಲ. ವೈದ್ಯರು ನೀರು ತೆಗೆದು ಅಕ್ಕಿಕಾಳಿಗಿಂತ ಚಿಕ್ಕ ಎರಡು ಕೊಳವೆಗಳನ್ನು ಇಟ್ಟರು. ಮನೆಗೆ ಬಂದ ಮೊದಲ ದಿನ ಅವನು ನಲ್ಲಿಯ ನೀರಿಗೆ ಹೆದರಿ ಅತ್ತ. ಟೋರ್ಕಿಲ್ ಕೆಮ್ಮಿದ್ದಕ್ಕೆ ಅತ್ತ. ಗಾಳಿಗೆ ಚಾವಣಿ ಗುಡುಗಿದಾಗ ಅಮ್ಮನ ಸ್ವೆಟರಿನ ಒಳಗೆ ತಲೆ ತೂರಿಸಿದ. ಮೂರು ದಿನದ ಮೇಲೆ ನಲ್ಲಿ ತಿರುಗಿಸಿ, ನಿಲ್ಲಿಸಿ, ತಿರುಗಿಸಿ ಕೇಳುತ್ತ ಕೂತ. ಯಾರೂ ಬೇಡ ಅನ್ನಲಿಲ್ಲ.

ಮಾತು ಅಷ್ಟು ಬೇಗ ಬರಲಿಲ್ಲ. ಕೈಬಿಟ್ಟುಹೋದ ತಿಂಗಳುಗಳನ್ನು ಅವನು ಒಂದೊಂದಾಗಿ ನಡೆದೇ ದಾಟಬೇಕಾಯಿತು. ವಾರವಾರ ತಜ್ಞೆಯ ಹತ್ತಿರ ಹೋಗಿಬರಬೇಕಿತ್ತು. ಬಾರ್ಬಾಳಿಗೆ ಕಾರು ಬಿಡಲು ಬರುತ್ತಿರಲಿಲ್ಲ, ತಾಯಿಯ ಕಾರಿನಲ್ಲಿ ಹೋಗಲು ಮನಸ್ಸಿರಲಿಲ್ಲ. ಲೀವ್‌ಳ ಪಾಠ ಮುಗಿದಿದ್ದರೂ ಮಿಕ್ಯಾಲ್ ಮಂಗಳವಾರದ ಪ್ರಯಾಣ ನಿಲ್ಲಿಸಲಿಲ್ಲ. "ಹೇಗೂ ಹೋಗ್ತೀನಲ್ಲ," ಎಂದು ಅವರಿಬ್ಬರನ್ನೂ ಹತ್ತಿಸಿಕೊಂಡ. ಹೋಗಬೇಕಾದ ಕಾರಣ ಅವನಿಗೆ ಏನೂ ಇರಲಿಲ್ಲವೆಂಬುದು ಎಲ್ಲರಿಗೂ ಗೊತ್ತಿತ್ತು. ಇಡೀ ದಾರಿ ಹಿಂದಿನ ಸೀಟಿನಲ್ಲಿ ಲೀವ್ ಮಾತಾಡುತ್ತಿದ್ದಳು. ಬ್ರಾಂದುರ್ ಅವಳ ಬಾಯನ್ನೇ ನೋಡುತ್ತಿದ್ದ. ತಜ್ಞೆಗಿಂತ ಹೆಚ್ಚು ಕಲಿಸಿದ್ದು ಆ ಸುರಂಗ ಎಂದು ಮಿಕ್ಯಾಲ್ ಈಗಲೂ ಹೇಳುತ್ತಾನೆ.

ಬ್ರಾಂದುರನಿಗೆ ಮೂರು ತುಂಬಿದಾಗ ಪಕ್ಕದ ದ್ವೀಪದ ನರ್ಸೇ ಬಂದಳು, ನೋವಿನ ಬೆನ್ನಿಗೆ ಬೆಲ್ಟು ಬಿಗಿದುಕೊಂಡು. ಬಾರ್ಬಾ ಹೊಸ ಪಟ್ಟಿಯನ್ನು ತಾನೊಬ್ಬಳೇ ತುಂಬಿದಳು. ಐವತ್ತೆರಡು ಗುರುತು ಬಿದ್ದವು ಎಂದು ಸುನ್ನುವಾಳಿಗೆ ತಿಳಿದದ್ದು ಟೋರ್ಕಿಲ್‌ನಿಂದ. ಅವನಿಗೆ ಬಾರ್ಬಾ ಹೇಳಿದ್ದಳು. ತಾಯಿಮಗಳ ನಡುವೆ ಸರಿಹೋಗಲು ಇನ್ನೊಂದು ಬೇಸಿಗೆ ಹಿಡಿಯಿತು. ಒಂದು ದಿನ ಬಾರ್ಬಾ ಬಂದು, ಮಗನನ್ನೂ ಅವನ ಬೂಟುಗಳನ್ನೂ ಬಾಗಿಲಲ್ಲಿ ಬಿಟ್ಟು, "ಐದು ಗಂಟೆಗೆ ಬರ್ತೀನಿ," ಎಂದು ಹೋದಳು. ಅಲ್ಲಿಗೆ ಆ ಮುನಿಸು ಮುಗಿಯಿತು.

ಸುನ್ನುವಾ ಇನ್ನೂ ನಾಲ್ಕು ವರ್ಷ ಕೆಲಸ ಮಾಡಿದಳು. ಅವಳ ಉಪದೇಶ ಮಾತ್ರ ಮೊಟಕಾಗಿತ್ತು. ಪಟ್ಟಿಯನ್ನು ಮೇಜಿನ ಮೇಲಿಡುವ ಮೊದಲು ಈಗ ಒಂದೇ ಪ್ರಶ್ನೆ ಕೇಳುತ್ತಿದ್ದಳು:

"ಮನೇಲಿ ಅಜ್ಜಿ ಇದಾರಾ?"

"ಇದಾರೆ."

"ಹಾಗಾದ್ರೆ ಅವರು ಅಂಗಡಿಗೆ ಹೋದಾಗ ತುಂಬಿ."